ಗ್ರಾಫಿಕ್ ವಿನ್ಯಾಸ ತಂತ್ರಾಂಶಗಳಲ್ಲಿ ವ್ಯವಸ್ಥಾ ಕಡತಗಳ ಲೋಪ ಮತ್ತು ಪರಿಹಾರ: ಚಿಕ್ಕಬಳ್ಳಾಪುರ ಜಿಲ್ಲೆಯ ಕನ್ನಡ ಮುದ್ರಣವನ್ನು ಅನುಲಕ್ಷಿಸಿ

ಪೀಠಿಕೆ

ಅಚ್ಚಿನ ಮೊಳೆಗಳನ್ನು ಕೈಯಿಂದ ಜೋಡಿಸಿ ಮುದ್ರಿಸುತ್ತಿದ್ದ ಕಾಲದಲ್ಲಿ ಒಂದು ಒತ್ತಕ್ಷರದ ಮೊಳೆ ಸವೆದರೆ ಅಥವಾ ಕಳೆದುಹೋದರೆ ಆ ಕೊರತೆ ಮೊಳೆ ಜೋಡಿಸುವವನ ಕಣ್ಣಿಗೆ ನೇರವಾಗಿ ಕಾಣುತ್ತಿತ್ತು. ಪೆಟ್ಟಿಗೆಯಲ್ಲಿ ಆ ಅಕ್ಷರದ ಮನೆ ಖಾಲಿಯಾಗಿರುತ್ತಿತ್ತು. ಬೇರೆ ಮುದ್ರಣಾಲಯದಿಂದ ತಂದು ತುಂಬಿಕೊಂಡರೆ ಕೆಲಸ ಮುಂದುವರಿಯುತ್ತಿತ್ತು. ಗಣಕಯಂತ್ರದಲ್ಲಿ ಪುಟವಿನ್ಯಾಸ ಮಾಡುವ ಪದ್ಧತಿ ಬಂದ ಮೇಲೆ ಕೊರತೆಯ ಸ್ವರೂಪವೇ ಬದಲಾಯಿತು. ನಿನ್ನೆಯವರೆಗೆ ಸರಿಯಾಗಿದ್ದ ತಂತ್ರಾಂಶವು ಇಂದು ತೆರೆದುಕೊಳ್ಳದೆ, ಯಾವುದೋ ಒಂದು ಕಡತ ಕಾಣೆಯಾಗಿದೆ ಎಂಬ ಒಂದೇ ಸಾಲಿನ ಸೂಚನೆಯನ್ನು ನೀಡಿ ನಿಂತುಬಿಡುತ್ತದೆ. ಕಾಣೆಯಾದದ್ದು ಏನು, ಅದು ಎಲ್ಲಿತ್ತು, ಯಾರಿಂದ ಪಡೆಯಬೇಕು ಎಂಬುದು ಆ ಸೂಚನೆಯಿಂದ ತಿಳಿಯುವುದಿಲ್ಲ.

2007ರಲ್ಲಿ ಕೋಲಾರ ಜಿಲ್ಲೆಯಿಂದ ಬೇರ್ಪಟ್ಟು ರೂಪುಗೊಂಡ ಚಿಕ್ಕಬಳ್ಳಾಪುರ ಜಿಲ್ಲೆಯಲ್ಲಿ ಈ ಪ್ರಶ್ನೆಗೆ ವಿಶೇಷ ಮಹತ್ವವಿದೆ. ಚಿಕ್ಕಬಳ್ಳಾಪುರ, ಗೌರಿಬಿದನೂರು, ಚಿಂತಾಮಣಿ, ಶಿಡ್ಲಘಟ್ಟದಂತಹ ತಾಲ್ಲೂಕು ಕೇಂದ್ರಗಳಲ್ಲಿ ಲಗ್ನಪತ್ರಿಕೆ, ರಸೀದಿ ಪುಸ್ತಕ, ಜಾತ್ರೆಯ ಕರಪತ್ರ, ಶಾಲೆಯ ಸ್ಮರಣ ಸಂಚಿಕೆ ಮೊದಲಾದವು ರೂಪುಗೊಳ್ಳುವುದು ಸಣ್ಣ ಡಿಟಿಪಿ ಕೇಂದ್ರಗಳಲ್ಲಿ. ಶಿಡ್ಲಘಟ್ಟದ ರೇಷ್ಮೆಗೂಡಿನ ವಹಿವಾಟು, ಚಿಂತಾಮಣಿ ತಾಲ್ಲೂಕಿನ ಕೈವಾರದ ಉತ್ಸವಗಳು, ಗೌರಿಬಿದನೂರು ತಾಲ್ಲೂಕಿನ ವಿದುರಾಶ್ವತ್ಥದ ಸ್ಮರಣೆ ಇವೆಲ್ಲಕ್ಕೂ ಮುದ್ರಿತ ಹಾಳೆಯ ರೂಪ ದೊರೆಯುವುದು ಇಂತಹ ಯಂತ್ರಗಳ ಮೂಲಕವೇ. ಇವುಗಳ ಪೈಕಿ ಬಹುಪಾಲು ಗ್ರಂಥಾಲಯವನ್ನು ಸೇರುವಂಥವಲ್ಲ. ಆದ್ದರಿಂದ ವಿನ್ಯಾಸದ ಮೂಲ ಕಡತವೇ ಅನೇಕ ವೇಳೆ ಅವುಗಳ ಏಕೈಕ ದಾಖಲೆಯಾಗಿ ಉಳಿಯುತ್ತದೆ. ವ್ಯವಸ್ಥಾ ಕಡತದ ಲೋಪವು ಸ್ವತಃ ಚಿಕ್ಕ ತೊಂದರೆ. ಆದರೆ ಅದಕ್ಕೆ ಅವಸರದಲ್ಲಿ ಮಾಡುವ ತಪ್ಪು ಚಿಕಿತ್ಸೆಯು ಮರಳಿ ದೊರೆಯದ ಸಾಮಗ್ರಿಯನ್ನು ನಾಶಮಾಡಬಲ್ಲದು. ಈ ಹಿನ್ನೆಲೆಯಲ್ಲಿ ದೋಷದ ಕಾರಣಗಳನ್ನೂ ಪರಿಹಾರದ ಕ್ರಮವನ್ನೂ ಇಲ್ಲಿ ವಿವೇಚಿಸಲಾಗಿದೆ.

ವ್ಯವಸ್ಥಾ ಕಡತದ ಸ್ವರೂಪ

ಪುಟವಿನ್ಯಾಸದ ಕ್ಷೇತ್ರದಲ್ಲಿ ಆಲ್ಡಸ್ ಸಂಸ್ಥೆಯ ಪೇಜ್‌ಮೇಕರ್ 1985ರಲ್ಲಿಯೂ, ಚಿತ್ರವಿನ್ಯಾಸಕ್ಕೆ ಒದಗುವ ಕೋರೆಲ್ ಡ್ರಾ 1989ರಲ್ಲಿಯೂ ಬಳಕೆಗೆ ಬಂದವು. 1994ರಲ್ಲಿ ಆಲ್ಡಸ್ ಸಂಸ್ಥೆಯು ಅಡೋಬಿಯಲ್ಲಿ ವಿಲೀನವಾಯಿತು, 2001ರ 7.0 ಆವೃತ್ತಿಯೇ ಪೇಜ್‌ಮೇಕರಿನ ಕೊನೆಯ ಆವೃತ್ತಿಯಾಯಿತು. ಇಂತಹ ಯಾವ ತಂತ್ರಾಂಶವೂ ತನ್ನ ಎಲ್ಲ ಕೆಲಸವನ್ನೂ ತಾನೇ ಮಾಡುವುದಿಲ್ಲ. ಕಡತವನ್ನು ತೆರೆಯುವುದು, ಪರದೆಯ ಮೇಲೆ ಕಿಟಕಿಯನ್ನು ಬಿಡಿಸುವುದು, ಲೆಕ್ಕ ಮಾಡುವುದು, ಅಕ್ಷರಗಳನ್ನು ಜೋಡಿಸುವುದು ಮೊದಲಾದ ಸಾಮಾನ್ಯ ಕಾರ್ಯಗಳಿಗಾಗಿ ಅನೇಕ ತಂತ್ರಾಂಶಗಳು ಒಟ್ಟಾಗಿ ಬಳಸುವ ಕಡತಗಳು ವಿಂಡೋಸ್ ಕಾರ್ಯಾಚರಣ ವ್ಯವಸ್ಥೆಯಲ್ಲಿವೆ. ಇವುಗಳಿಗೆ ಡೈನಮಿಕ್ ಲಿಂಕ್ ಲೈಬ್ರರಿ ಎಂದು ಹೆಸರು. ಹೆಸರಿನ ಕೊನೆಯಲ್ಲಿ ಡಿಎಲ್‌ಎಲ್ ಎಂಬ ಮೂರು ಅಕ್ಷರಗಳಿರುತ್ತವೆ. ಊರಿನ ರೈತರೆಲ್ಲ ಒಂದೇ ಕಣವನ್ನು ಸರದಿಯ ಮೇಲೆ ಬಳಸಿದಂತೆ ಹಲವು ತಂತ್ರಾಂಶಗಳು ಒಂದೇ ಕಡತವನ್ನು ಬಳಸುತ್ತವೆ. ಇದರಿಂದ ಸ್ಥಳ ಉಳಿಯುತ್ತದೆ. ಆದರೆ ಒಂದು ಕಡತ ಕೆಟ್ಟರೆ ಅದನ್ನು ಆಶ್ರಯಿಸಿದ ಎಲ್ಲ ತಂತ್ರಾಂಶಗಳೂ ನಿಲ್ಲುತ್ತವೆ.

ತಂತ್ರಾಂಶವನ್ನು ತೆರೆದೊಡನೆ ವಿಂಡೋಸ್ ಅದಕ್ಕೆ ಬೇಕಾದ ಕಡತಗಳನ್ನು ಒಂದು ನಿಶ್ಚಿತ ಕ್ರಮದಲ್ಲಿ ಹುಡುಕುತ್ತದೆ. ಸಾಮಾನ್ಯವಾಗಿ ಮೊದಲು ತಂತ್ರಾಂಶದ ಸ್ವಂತ ಫೋಲ್ಡರ್, ಅನಂತರ ವಿಂಡೋಸಿನ ಸಿಸ್ಟಮ್ ಫೋಲ್ಡರುಗಳು, ಕೊನೆಗೆ ಇತರ ನಿರ್ದಿಷ್ಟ ಸ್ಥಳಗಳು. ಎಲ್ಲಿಯೂ ದೊರೆಯದಿದ್ದಾಗ ಮಾತ್ರ ದೋಷ ಸೂಚನೆ ಬರುತ್ತದೆ. ಹುಡುಕಾಟವು ತಂತ್ರಾಂಶದ ಮನೆಯಿಂದಲೇ ಆರಂಭವಾಗುತ್ತದೆ ಎಂಬ ಅಂಶವು ಮುಂದಿನ ವಿವೇಚನೆಗೆ ಮುಖ್ಯವಾದುದು.

ದೋಷ ಸೂಚನೆಗಳ ಅರ್ಥಭೇದ

ಎಲ್ಲ ಸೂಚನೆಗಳನ್ನೂ ‘ಫೈಲ್ ಮಿಸ್ಸಿಂಗ್’ ಎಂಬ ಒಂದೇ ಮಾತಿನಲ್ಲಿ ಹೇಳುವ ರೂಢಿಯಿದೆ. ವಾಸ್ತವವಾಗಿ ಅವು ಮೂರು ಬಗೆಯವು. ಮೊದಲನೆಯದು, ಇಂಥ ಹೆಸರಿನ ಕಡತವು ಗಣಕದಲ್ಲಿ ಇಲ್ಲ ಎಂಬ ಸೂಚನೆ. ಇಲ್ಲಿ ಕಡತ ನಿಜವಾಗಿಯೂ ಇಲ್ಲ, ಇಲ್ಲವೇ ಹುಡುಕುವ ಸ್ಥಳದಲ್ಲಿ ಇಲ್ಲ. ಎರಡನೆಯದು, ಕಡತದಲ್ಲಿ ‘ಎಂಟ್ರಿ ಪಾಯಿಂಟ್’ ದೊರೆಯಲಿಲ್ಲ ಎಂಬ ಸೂಚನೆ. ಇಲ್ಲಿ ಕಡತವಿದೆ, ಆದರೆ ಅದು ಬೇರೆ ಆವೃತ್ತಿಯದು, ತಂತ್ರಾಂಶವು ಅಪೇಕ್ಷಿಸುವ ಕಾರ್ಯವು ಅದರೊಳಗೆ ಇಲ್ಲ. ಮೂರನೆಯದು, 0ಎಕ್ಸ್‌ಸಿ000007ಬಿ ಎಂಬ ಸಂಖ್ಯೆಯ ಸೂಚನೆ. 32 ಬಿಟ್ಟಿನ ತಂತ್ರಾಂಶಕ್ಕೆ 64 ಬಿಟ್ಟಿನ ಕಡತವೋ, 64 ಬಿಟ್ಟಿನದಕ್ಕೆ 32 ಬಿಟ್ಟಿನದೋ ಎದುರಾದಾಗ ಸಾಮಾನ್ಯವಾಗಿ ಇದು ಬರುತ್ತದೆ.

ಈ ಮೂರಕ್ಕೂ ಒಂದೇ ಮದ್ದು ಸಲ್ಲದು. ಮೊದಲನೆಯದಕ್ಕೆ ಕಡತವನ್ನು ಒದಗಿಸಬೇಕು. ಎರಡನೆಯದಕ್ಕೆ ತಪ್ಪು ಆವೃತ್ತಿಯನ್ನು ತೆಗೆದು ಸರಿಯಾದುದನ್ನು ತರಬೇಕು. ಮೂರನೆಯದಕ್ಕೆ ತಪ್ಪು ಜಾಗದಲ್ಲಿ ಬಂದು ಕುಳಿತ ಕಡತವನ್ನು ಸರಿಪಡಿಸಬೇಕು. ಆದಕಾರಣ ಸೂಚನೆಯ ಪೂರ್ಣ ಪಾಠವನ್ನೂ ಕಡತದ ಹೆಸರನ್ನೂ ಅಕ್ಷರಶಃ ಬರೆದಿಟ್ಟುಕೊಳ್ಳುವುದು ಪರಿಹಾರದ ಪ್ರಥಮ ಹೆಜ್ಜೆಯಾಗುತ್ತದೆ.

ಲೋಪಕ್ಕೆ ಕಾರಣಗಳು

ಕಡತಗಳು ತಾವಾಗಿಯೇ ಮಾಯವಾಗುವುದಿಲ್ಲ. ಒಂದು ತಂತ್ರಾಂಶವನ್ನು ತೆಗೆದುಹಾಕುವಾಗ ಅದರೊಂದಿಗೆ ಬಂದ ಸಾಮಾನ್ಯ ಕಡತಗಳೂ ಅಳಿಸಿಹೋಗಬಹುದು. ತಂತ್ರಾಂಶವನ್ನು ಕ್ರಮಬದ್ಧವಾಗಿ ಸ್ಥಾಪಿಸದೆ ಅದರ ಫೋಲ್ಡರನ್ನು ಮಾತ್ರ ಪೆನ್ ಡ್ರೈವಿನಲ್ಲಿ ಒಂದು ಗಣಕದಿಂದ ಮತ್ತೊಂದಕ್ಕೆ ನಕಲು ಮಾಡಿದಾಗ ಸಿಸ್ಟಮ್ ಫೋಲ್ಡರಿನಲ್ಲಿದ್ದ ಕಡತಗಳು ಹಿಂದೆಯೇ ಉಳಿಯುತ್ತವೆ. ಸ್ಥಾಪನೆ ನಡೆಯುತ್ತಿರುವಾಗಲೋ ಹೊಸ ಅಪ್‌ಡೇಟ್ ಇಳಿಯುತ್ತಿರುವಾಗಲೋ ವಿದ್ಯುತ್ ಕಡಿತವಾದರೆ ಕಡತ ಅರ್ಧಕ್ಕೆ ನಿಲ್ಲಬಹುದು. ಯುಪಿಎಸ್ ಇಲ್ಲದೆ ಕೆಲಸ ಮಾಡುವೆಡೆ ಇದು ಸಾಮಾನ್ಯ ಅಪಾಯ. ಹಾರ್ಡ್ ಡಿಸ್ಕ್ ಹಳತಾಗಿ ಅದರ ಕೆಲವು ಭಾಗಗಳು ಕೆಟ್ಟರೂ ಇದೇ ಪರಿಣಾಮ. ಇಂಥ ಸಂದರ್ಭದಲ್ಲಿ ಕಡತವನ್ನು ಮರಳಿ ತಂದರೂ ದೋಷ ಮರುಕಳಿಸುತ್ತದೆ, ಬದಲಾಯಿಸಬೇಕಾದುದು ಡಿಸ್ಕನ್ನೇ.

ಪರವಾನಗಿಯಿಲ್ಲದ ನಕಲು ತಂತ್ರಾಂಶಗಳ ಸಮಸ್ಯೆಯನ್ನು ಪ್ರತ್ಯೇಕವಾಗಿ ಗಮನಿಸಬೇಕು. ಪರವಾನಗಿಯ ಪರೀಕ್ಷೆಯನ್ನು ತಪ್ಪಿಸಲು ಇವುಗಳಲ್ಲಿ ಒಂದೆರಡು ಕಡತಗಳನ್ನು ತಿದ್ದಿರುತ್ತಾರೆ. ವೈರಸ್ ನಿರೋಧಕ ತಂತ್ರಾಂಶವು ತಿದ್ದಿದ ಕಡತವನ್ನು ಶಂಕಿಸಿ ಬೇರೆಡೆ ಬಂಧಿಸಿಡುತ್ತದೆ. ಬಳಕೆದಾರನಿಗೆ ಕಾಣುವುದು ಕಡತ ಕಾಣೆಯಾಗಿದೆ ಎಂಬ ಸೂಚನೆ ಮಾತ್ರ. ಅದನ್ನು ಬಿಡಿಸಿ ಮರಳಿ ಇಟ್ಟರೆ ತಂತ್ರಾಂಶ ನಡೆಯಬಹುದು. ಆದರೆ ಆ ಕಡತದೊಳಗೆ ನಿಜವಾದ ವೈರಸ್ ಇಲ್ಲವೆಂದು ಹೇಳಲು ಯಾವ ಆಧಾರವೂ ಇರುವುದಿಲ್ಲ. ತಯಾರಕರಿಂದ ದುರಸ್ತಿಯ ನೆರವು ಪಡೆಯುವ ದಾರಿಯೂ ಇಲ್ಲಿ ಮುಚ್ಚಿರುತ್ತದೆ. ಸಣ್ಣ ಕೇಂದ್ರಗಳಿಗೆ ಬೆಲೆಯ ಹೊರೆ ಇರುವುದು ನಿಜವಾದರೂ 2003ರಿಂದ ಲಭ್ಯವಿರುವ ಇಂಕ್‌ಸ್ಕೇಪಿನಂತಹ ಮುಕ್ತ ತಂತ್ರಾಂಶಗಳು ಈ ಮಟ್ಟಿಗೆ ಸುರಕ್ಷಿತ ಪರ್ಯಾಯವಾಗಿವೆ.

ಪರಿಹಾರದ ಕ್ರಮ

ಗಣಕ ಕೆಟ್ಟಿತೆಂದರೆ ‘ಫಾರ್ಮ್ಯಾಟ್ ಹೊಡೆಯುವುದು’ ಎಂಬ ಚಿಕಿತ್ಸೆಯು ಎಲ್ಲೆಡೆ ಬಳಕೆಯಲ್ಲಿದೆ. ಒಂದು ಕಡತದ ಲೋಪಕ್ಕೆ ಇದು ಹೆಂಚು ಒಡೆದಿದೆಯೆಂದು ಮನೆಯನ್ನೇ ಕೆಡವಿದಂತೆ. ಡೆಸ್ಕ್‌ಟಾಪಿನಲ್ಲಿಯೋ ಸಿ ಡ್ರೈವಿನಲ್ಲಿಯೋ ಇದ್ದ ಹಳೆಯ ವಿನ್ಯಾಸಗಳು, ಅವುಗಳಿಗಿಂತ ಮುಖ್ಯವಾಗಿ ವಿಂಡೋಸಿನ ಫಾಂಟ್ಸ್ ಫೋಲ್ಡರಿನಲ್ಲಿದ್ದ ಕನ್ನಡ ಅಕ್ಷರಶೈಲಿಗಳು ಇದರಿಂದ ಅಳಿಯುತ್ತವೆ. ಆದ್ದರಿಂದ ಬೇರೇನನ್ನೂ ಮಾಡುವ ಮೊದಲು ವಿನ್ಯಾಸದ ಕಡತಗಳನ್ನೂ ಫಾಂಟುಗಳನ್ನೂ ಪ್ರತ್ಯೇಕ ಡಿಸ್ಕಿಗೆ ನಕಲು ಮಾಡಿಕೊಳ್ಳತಕ್ಕದ್ದು.

ಅನಂತರ ದೋಷದ ವ್ಯಾಪ್ತಿಯನ್ನು ತಿಳಿಯಬೇಕು. ಒಂದೇ ತಂತ್ರಾಂಶ ನಿಂತಿದ್ದರೆ ಸಮಸ್ಯೆ ಅದರ ಸ್ಥಾಪನೆಯಲ್ಲಿರುವ ಸಂಭವ ಹೆಚ್ಚು. ಹಲವು ನಿಂತಿದ್ದರೆ ವಿಂಡೋಸಿನಲ್ಲಿಯೇ ಇರುವ ಸಂಭವ ಹೆಚ್ಚು. ರೀಸೈಕಲ್ ಬಿನ್ನನ್ನೂ ವೈರಸ್ ನಿರೋಧಕದ ಬಂಧನ ಪಟ್ಟಿಯನ್ನೂ ಈ ಹಂತದಲ್ಲಿಯೇ ನೋಡಬೇಕು.

ಮೂರನೆಯದಾಗಿ, ಕಡತದ ಹೆಸರಿನಿಂದ ಅದರ ಮೂಲವನ್ನು ಗುರುತಿಸಬೇಕು. ಎಂಎಸ್‌ವಿಸಿಆರ್, ಎಂಎಸ್‌ವಿಸಿಪಿ, ವಿಸಿರನ್‌ಟೈಮ್ ಎಂದು ಆರಂಭವಾಗುವ ಹೆಸರುಗಳು ಮೈಕ್ರೋಸಾಫ್ಟಿನ ವಿಷುಯಲ್ ಸಿ ಪ್ಲಸ್ ಪ್ಲಸ್ ಕಡತಗಳನ್ನು ಸೂಚಿಸುತ್ತವೆ. ಹೆಸರಿನಲ್ಲಿರುವ ಅಂಕಿಯೇ ಆವೃತ್ತಿಯ ಗುರುತು: 80 ಎಂದರೆ 2005ರ ಆವೃತ್ತಿ, 90 ಎಂದರೆ 2008, 100 ಎಂದರೆ 2010, 110 ಎಂದರೆ 2012, 120 ಎಂದರೆ 2013, 140 ಎಂದರೆ 2015 ಮತ್ತು ಅನಂತರದ್ದು. ಹೊಸ ಆವೃತ್ತಿಯಿದ್ದರೆ ಹಳೆಯದು ಬೇಡವೆಂಬ ಭಾವನೆ ಸರಿಯಲ್ಲ. 2010ರ ಕಡತವನ್ನು ಕೇಳುವ ತಂತ್ರಾಂಶಕ್ಕೆ 2015ರದು ಒದಗದು. ಮೈಕ್ರೋಸಾಫ್ಟ್ ಸಂಸ್ಥೆಯು ‘ರೀಡಿಸ್ಟ್ರಿಬ್ಯೂಟಬಲ್’ ಎಂಬ ಹೆಸರಿನಲ್ಲಿ ಇವುಗಳ ಪೂರ್ಣ ಕಟ್ಟನ್ನು ಉಚಿತವಾಗಿ ಒದಗಿಸುತ್ತದೆ. 64 ಬಿಟ್ಟಿನ ವಿಂಡೋಸಿನಲ್ಲಿ 32 ಬಿಟ್ಟಿನ ಕಟ್ಟು ಮತ್ತು 64 ಬಿಟ್ಟಿನ ಕಟ್ಟು ಎರಡನ್ನೂ ಸ್ಥಾಪಿಸುವುದು ಲೇಸು; ಬೇಕಾದುದನ್ನು ನಿರ್ಧರಿಸುವುದು ವಿಂಡೋಸ್ ಅಲ್ಲ, ತಂತ್ರಾಂಶ. ಎಪಿಐ-ಎಂಎಸ್-ವಿನ್-ಸಿಆರ್‌ಟಿ ಎಂದು ಆರಂಭವಾಗುವ ಉದ್ದ ಹೆಸರಿನ ಕಡತವು ವಿಂಡೋಸ್ 7ರಲ್ಲಿ ಕಾಣೆಯಾದರೆ ಕೆಬಿ2999226 ಎಂಬ ಸಂಖ್ಯೆಯ ಅಪ್‌ಡೇಟ್ ಅದನ್ನು ಪೂರೈಸುತ್ತದೆ; ವಿಂಡೋಸ್ 10ರಿಂದ ಇದು ವ್ಯವಸ್ಥೆಯ ಅಂಗವೇ ಆಗಿದೆ.

ನಾಲ್ಕನೆಯದಾಗಿ, ಕಾಣೆಯಾದುದು ವಿಂಡೋಸಿನ ಸ್ವಂತ ಕಡತವಾದರೆ ಆಡಳಿತಾಧಿಕಾರವುಳ್ಳ ಕಮಾಂಡ್ ಪ್ರಾಂಪ್ಟ್ ತೆರೆದು ಎಸ್‌ಎಫ್‌ಸಿ ಎಂಬ ಆದೇಶವನ್ನು ಸ್ಕ್ಯಾನ್‌ನೌ ಎಂಬ ನಿರ್ದೇಶನದೊಂದಿಗೆ ನೀಡಬೇಕು. ಅದು ರಕ್ಷಿತ ಕಡತಗಳನ್ನು ಒಂದೊಂದಾಗಿ ಪರೀಕ್ಷಿಸಿ, ಕೆಟ್ಟವುಗಳ ಸ್ಥಾನದಲ್ಲಿ ವ್ಯವಸ್ಥೆಯು ಕಾಯ್ದಿಟ್ಟ ಪ್ರತಿಗಳನ್ನು ಇರಿಸುತ್ತದೆ. ಕಾಯ್ದಿಟ್ಟ ಪ್ರತಿಗಳೇ ಕೆಟ್ಟಿದ್ದರೆ ವಿಂಡೋಸ್ 8 ಮತ್ತು ಅನಂತರದ ಆವೃತ್ತಿಗಳಲ್ಲಿ ಡಿಐಎಸ್‌ಎಂ ಎಂಬ ಸಾಧನದ ರೀಸ್ಟೋರ್‌ಹೆಲ್ತ್ ನಿರ್ದೇಶನದಿಂದ ಅವುಗಳನ್ನು ಸರಿಪಡಿಸಿ, ಎಸ್‌ಎಫ್‌ಸಿಯನ್ನು ಮತ್ತೊಮ್ಮೆ ನಡೆಸಬೇಕು. ವಿನ್ಯಾಸ ತಂತ್ರಾಂಶಕ್ಕೆ ಮಾತ್ರ ಸೇರಿದ ಕಡತಗಳನ್ನು ಈ ಸಾಧನಗಳು ತಂದುಕೊಡಲಾರವು. ಅದಕ್ಕೆ ಮೂಲ ಡಿಸ್ಕಿನಿಂದ ತಂತ್ರಾಂಶದ ದುರಸ್ತಿ ಅಥವಾ ಮರುಸ್ಥಾಪನೆಯೇ ಮಾರ್ಗ.

ಈ ಹಂತಗಳನ್ನು ಬಿಟ್ಟು ಒಂಟಿ ಕಡತವನ್ನು ಅಂತರ್ಜಾಲದಲ್ಲಿ ಸಿಕ್ಕಲ್ಲಿಂದ ಇಳಿಸಿ ಸಿಸ್ಟಮ್ ಫೋಲ್ಡರಿಗೆ ಹಾಕುವುದು ಅಪಾಯಕರ. ಆವೃತ್ತಿ ತಪ್ಪಾಗಿರಬಹುದು, ವೈರಸ್ ಸೇರಿರಬಹುದು. ಹಾಕುವ ಜಾಗದ ಬಗ್ಗೆಯೂ ಗೊಂದಲವಿದೆ. 64 ಬಿಟ್ಟಿನ ವಿಂಡೋಸಿನಲ್ಲಿ ಸಿಸ್ಟಮ್32 ಎಂಬ ಫೋಲ್ಡರಿನಲ್ಲಿರುವುದು 64 ಬಿಟ್ಟಿನ ಕಡತಗಳು. 32 ಬಿಟ್ಟಿನವು ಸಿಸ್‌ವಾವ್64 ಎಂಬ ಫೋಲ್ಡರಿನಲ್ಲಿವೆ. ಹೆಸರನ್ನು ನಂಬಿ ಹಾಕಿದವರು ಮೊದಲ ಬಗೆಯ ದೋಷವನ್ನು ಮೂರನೆಯ ಬಗೆಗೆ ಪರಿವರ್ತಿಸಿಕೊಳ್ಳುತ್ತಾರೆ. ಹೀಗೆ ತಂದ ಕಡತವನ್ನು ತಂತ್ರಾಂಶದ ಫೋಲ್ಡರಿನಲ್ಲಿಯೇ ಇಟ್ಟರೆ, ಹುಡುಕಾಟ ಅಲ್ಲಿಂದಲೇ ಆರಂಭವಾಗುವುದರಿಂದ, ಮುಂದೆ ಸರಿಯಾದ ಕಡತವನ್ನು ವಿಂಡೋಸಿನಲ್ಲಿ ಸ್ಥಾಪಿಸಿದರೂ ತಪ್ಪು ಕಡತವೇ ಮೊದಲು ಸಿಕ್ಕಿಬಿಡಬಹುದು.

ಕನ್ನಡ ಲಿಪಿಯ ವಿಶೇಷ ಸಮಸ್ಯೆ

ಇಂಗ್ಲಿಷಿನಲ್ಲಿ ಕೆಲಸ ಮಾಡುವವನಿಗೆ ತಂತ್ರಾಂಶ ತೆರೆದುಕೊಂಡರೆ ಸಮಸ್ಯೆ ಮುಗಿಯಿತು. ಕನ್ನಡದಲ್ಲಿ ಹಾಗಲ್ಲ. ತಂತ್ರಾಂಶ ತೆರೆದುಕೊಂಡರೂ ಒತ್ತಕ್ಷರ ಕೆಳಗಿಳಿಯದೆ ಪಕ್ಕದಲ್ಲಿ ನಿಲ್ಲಬಹುದು, ಗುಣಿತಾಕ್ಷರಗಳು ಬಿಡಿಬಿಡಿಯಾಗಬಹುದು, ಇಡೀ ಪುಟವೇ ಅರ್ಥವಿಲ್ಲದ ಚಿಹ್ನೆಗಳ ಸಾಲಾಗಬಹುದು. ಇವು ಯಾವ ದೋಷ ಸೂಚನೆಯನ್ನೂ ನೀಡದ ಲೋಪಗಳು.

1991ರ ಯೂನಿಕೋಡ್ ಮೊದಲ ಆವೃತ್ತಿಯಲ್ಲಿಯೇ ಕನ್ನಡಕ್ಕೆ ಸ್ಥಾನ ದೊರೆಯಿತು. ಯೂನಿಕೋಡ್ ಪಠ್ಯದಲ್ಲಿ ಶೇಖರವಾಗುವುದು ಮೂಲಾಕ್ಷರಗಳು ಮಾತ್ರ. ಅವುಗಳನ್ನು ಸಂಯುಕ್ತಾಕ್ಷರಗಳಾಗಿ ರೂಪಿಸುವುದು ಬೇರೊಂದು ಕಡತದ ಕೆಲಸ. ವಿಂಡೋಸಿನಲ್ಲಿ ಈ ಹೊಣೆಯನ್ನು ಹೊತ್ತದ್ದು ಯುಎಸ್‌ಪಿ10 ಎಂಬ ಡಿಎಲ್‌ಎಲ್. ವಿಂಡೋಸ್ 2000ದಲ್ಲಿ ಕನ್ನಡಕ್ಕೆ ಬೆಂಬಲವಿರಲಿಲ್ಲ. 2001ರ ವಿಂಡೋಸ್ ಎಕ್ಸ್‌ಪಿಯಲ್ಲಿ ತುಂಗಾ ಫಾಂಟಿನೊಂದಿಗೆ ಅದು ಬಂದಿತು. ಅಲ್ಲಿಯೂ ಸಂಕೀರ್ಣ ಲಿಪಿಗಳ ಕಡತಗಳನ್ನು ಬಳಕೆದಾರನೇ ಕಂಟ್ರೋಲ್ ಪ್ಯಾನೆಲ್ಲಿನ ಭಾಷಾ ವಿಭಾಗದಲ್ಲಿ ಆಯ್ದು, ಗಣಕವು ಕೇಳಿದಾಗ ವಿಂಡೋಸಿನ ಸಿಡಿಯನ್ನು ಒದಗಿಸಿ ಸ್ಥಾಪಿಸಿಕೊಳ್ಳಬೇಕಾಗಿತ್ತು. ಮೈಕ್ರೋಸಾಫ್ಟ್ ಆಫೀಸು ಈ ಕಡತದ ತನ್ನದೇ ಪ್ರತಿಯನ್ನು ತರುತ್ತಿದ್ದುದರಿಂದ ಒಂದೇ ಗಣಕದಲ್ಲಿ ವರ್ಡಿನಲ್ಲಿ ಸರಿಯಾಗಿ ಕಂಡ ಕನ್ನಡವು ಇನ್ನೊಂದು ತಂತ್ರಾಂಶದಲ್ಲಿ ಒಡೆದು ಕಾಣುವ ಪ್ರಸಂಗವೂ ಇತ್ತು.

ಎಲ್ಲ ಒಡಕಿಗೂ ಕಡತದ ಲೋಪವೇ ಕಾರಣವಲ್ಲ. ಪೇಜ್‌ಮೇಕರಿಗೆ ಯೂನಿಕೋಡ್ ತಿಳಿಯದು. ಯಾವ ಕಡತವನ್ನು ತಂದಿಟ್ಟರೂ ಅದು ಯೂನಿಕೋಡ್ ಕನ್ನಡವನ್ನು ರೂಪಿಸಲಾರದು. ಇನ್‌ಡಿಸೈನಿನಲ್ಲಿ 2012ರ ಸಿಎಸ್6 ಆವೃತ್ತಿಯಿಂದ ಭಾರತೀಯ ಲಿಪಿಗಳಿಗೆ ಬೆಂಬಲವಿದ್ದರೂ ‘ವರ್ಲ್ಡ್ ರೆಡಿ ಕಂಪೋಸರ್’ ಎಂಬ ಆಯ್ಕೆಯನ್ನು ಮಾಡದಿದ್ದರೆ ಒತ್ತಕ್ಷರಗಳು ಒಡೆಯುತ್ತವೆ. ಇಲ್ಲಿ ಬೇಕಾದುದು ದುರಸ್ತಿಯಲ್ಲ, ಆಯ್ಕೆಯ ಬದಲಾವಣೆ. ವಿಂಡೋಸ್ 10ರಲ್ಲಿ ಕನ್ನಡಕ್ಕೆ ನಿರ್ಮಲಾ ಎಂಬ ಫಾಂಟು ಮೊದಲಿನಿಂದಲೇ ಇದ್ದು, ತುಂಗಾ ಐಚ್ಛಿಕ ಸೌಲಭ್ಯಗಳ ಪಟ್ಟಿಗೆ ಸರಿಯಿತು. ತುಂಗಾ ಬಳಸಿದ ಹಳೆಯ ವಿನ್ಯಾಸವು ಫಾಂಟ್ ಇಲ್ಲವೆಂದು ಹೇಳಿದರೆ ‘ಕನ್ನಡ ಸಪ್ಲಿಮೆಂಟಲ್ ಫಾಂಟ್ಸ್’ ಎಂಬ ಸೌಲಭ್ಯವನ್ನು ಸೇರಿಸಿದರೆ ಸಾಕು. ಇನ್ನೊಂದು ಸೂಕ್ಷ್ಮವಿದೆ: ವಿಂಡೋಸ್ 10ರ 2018ರ ಅಪ್‌ಡೇಟಿನ ನಂತರ ಫಾಂಟನ್ನು ಒಬ್ಬ ಬಳಕೆದಾರನಿಗೆ ಸೀಮಿತವಾಗಿಯೂ ಸ್ಥಾಪಿಸಬಹುದು. ಹಾಗೆ ಸ್ಥಾಪಿಸಿದ್ದನ್ನು ಕೆಲವು ಹಳೆಯ ತಂತ್ರಾಂಶಗಳು ಕಾಣಲಾರವು; ಎಲ್ಲ ಬಳಕೆದಾರರಿಗೂ ಎಂಬ ಆಯ್ಕೆಯಿಂದ ಮರುಸ್ಥಾಪಿಸಬೇಕು.

ಗಡಿನಾಡಿನ ದ್ವಿಭಾಷಾ ಪುಟ

ಯೂನಿಕೋಡ್ ವಿನ್ಯಾಸ ತಂತ್ರಾಂಶಗಳನ್ನು ತಲುಪುವ ಮೊದಲು, ಅನಂತರವೂ ಬಹುಕಾಲ, ಕನ್ನಡ ಮುದ್ರಣವು 8 ಬಿಟ್ಟಿನ ಫಾಂಟುಗಳ ಮೇಲೆ ನಿಂತಿತ್ತು. 1998ರಲ್ಲಿ ಶೇಷಾದ್ರಿವಾಸು ಅವರು ಹೊರತಂದ ಬರಹ, ಕನ್ನಡ ಗಣಕ ಪರಿಷತ್ತು ರೂಪಿಸಿದ ನುಡಿ ಇವೆರಡೂ ಇಂತಹ ಫಾಂಟುಗಳ ಮೂಲಕ ಕನ್ನಡವನ್ನು ಮನೆಮನೆಗೆ ತಲುಪಿಸಿದವು, ಕೆ.ಪಿ. ರಾವ್ ಅವರ ಕೀಲಿಮಣೆ ವಿನ್ಯಾಸವು ಬೆರಳಚ್ಚಿನ ಕೆಲಸವನ್ನು ಸುಲಭಗೊಳಿಸಿತು. 8 ಬಿಟ್ಟಿನ ಫಾಂಟಿನಲ್ಲಿರುವುದು 256 ಮನೆಗಳು. ಇಂಗ್ಲಿಷ್ ಅಕ್ಷರಗಳಿದ್ದ ಮನೆಗಳಲ್ಲಿಯೇ ಕನ್ನಡದ ಅಕ್ಷರಭಾಗಗಳನ್ನು ಕೂರಿಸಲಾಗಿತ್ತು. ಹೀಗಾಗಿ ಕಡತದಲ್ಲಿ ಉಳಿಯುವುದು ಅಕ್ಷರವಲ್ಲ, ಮನೆಯ ಸಂಖ್ಯೆ. ಆ ಮನೆಯಲ್ಲಿ ಯಾರಿದ್ದಾರೆಂದು ಹೇಳುವುದು ಫಾಂಟು.

ಉತ್ತರದಲ್ಲಿಯೂ ಪೂರ್ವದಲ್ಲಿಯೂ ಆಂಧ್ರಪ್ರದೇಶಕ್ಕೆ ತಾಗಿದ ಈ ಜಿಲ್ಲೆಯಲ್ಲಿ ಕನ್ನಡ, ತೆಲುಗು ಎರಡೂ ಬದುಕಿನ ಭಾಷೆಗಳು. ಕೈವಾರದ ಯೋಗಿ ನಾರೇಯಣರು ಎರಡೂ ಭಾಷೆಗಳಲ್ಲಿ ರಚನೆ ಮಾಡಿದವರು. ಗಡಿಯಾಚೆಯ ನೆಂಟರಿಗಾಗಿ ಎರಡೂ ಲಿಪಿಗಳಲ್ಲಿ ಅಚ್ಚಾಗುವ ಲಗ್ನಪತ್ರಿಕೆ ಇಲ್ಲಿ ಅಪರೂಪವಲ್ಲ. ಇಂತಹ ಪುಟವನ್ನು 8 ಬಿಟ್ಟಿನ ಫಾಂಟುಗಳಲ್ಲಿ ರಚಿಸಿದಾಗ ಒಂದೇ ಸಂಖ್ಯೆಯು ಒಂದು ಸಾಲಿನಲ್ಲಿ ಕನ್ನಡದ ಅಕ್ಷರವಾಗಿಯೂ ಮತ್ತೊಂದು ಸಾಲಿನಲ್ಲಿ ತೆಲುಗಿನ ಅಕ್ಷರವಾಗಿಯೂ ಕಾಣುತ್ತದೆ. ಎರಡನ್ನೂ ಬೇರ್ಪಡಿಸುವ ಏಕೈಕ ಗುರುತು ಆ ಸಾಲಿಗೆ ಅಂಟಿದ ಫಾಂಟಿನ ಹೆಸರು.

ಫಾಂಟು ಇಲ್ಲದ ಗಣಕದಲ್ಲಿ ಇಂತಹ ಕಡತವನ್ನು ತೆರೆದಾಗ ಕೋರೆಲ್ ಡ್ರಾ ಬದಲಿ ಫಾಂಟನ್ನು ಸೂಚಿಸಿ, ಬದಲಾವಣೆ ತಾತ್ಕಾಲಿಕವೋ ಶಾಶ್ವತವೋ ಎಂದು ಕೇಳುತ್ತದೆ. ಶಾಶ್ವತವೆಂದು ಒಪ್ಪಿ ಕಡತವನ್ನು ಉಳಿಸಿದರೆ ಸಂಖ್ಯೆಗಳು ಉಳಿಯುತ್ತವೆ, ಫಾಂಟಿನ ಹೆಸರು ಅಳಿಯುತ್ತದೆ. ಆಗ ಯಾವ ಸಾಲು ಕನ್ನಡ, ಯಾವುದು ತೆಲುಗು, ಯಾವ ಸಂಸ್ಥೆಯ ಸಂಕೇತ ಪದ್ಧತಿ ಎಂಬುದನ್ನು ಊಹೆಯಿಂದ ಬಿಡಿಸಬೇಕಾಗುತ್ತದೆ. 8 ಬಿಟ್ಟಿನ ಪಠ್ಯವನ್ನು ಯೂನಿಕೋಡಿಗೆ ಪರಿವರ್ತಿಸುವ ಸಾಧನಗಳೂ ಫಾಂಟಿನ ಗುರುತನ್ನೇ ಆಧರಿಸಿವೆ. ಡಿಎಲ್‌ಎಲ್ ಕಡತದ ಲೋಪವನ್ನು ಇಂದಲ್ಲ ನಾಳೆ ಸರಿಪಡಿಸಬಹುದು. ಈ ಗುರುತು ಅಳಿದರೆ ಮರಳಿ ಬರುವುದು ದುಸ್ತರ. ಆದ್ದರಿಂದ ಫಾಂಟು ದೊರೆಯುವವರೆಗೆ ತಾತ್ಕಾಲಿಕ ಬದಲಿಯನ್ನು ಮಾತ್ರ ಒಪ್ಪಬೇಕು. ಮೂಲ ಕಡತದ ಮೇಲೆಯೇ ಉಳಿಸಬಾರದು.

ಕಾಯ್ದಿಡುವ ಬಗೆ

ಮೇಲಿನ ವಿವೇಚನೆಯಿಂದ ಕೆಲವು ನಿಯಮಗಳು ತಾವಾಗಿಯೇ ಹೊರಡುತ್ತವೆ. ಪ್ರತಿಯೊಂದು ಕೆಲಸದ ಫೋಲ್ಡರಿನಲ್ಲಿ ವಿನ್ಯಾಸದ ಕಡತ, ಬಳಸಿದ ಚಿತ್ರಗಳು, ಪರವಾನಗಿಯ ಮಿತಿಯೊಳಗೆ ಫಾಂಟುಗಳು, ತಂತ್ರಾಂಶದ ಹೆಸರು ಮತ್ತು ಆವೃತ್ತಿಯನ್ನು ಬರೆದ ಒಂದು ಸಣ್ಣ ಟಿಪ್ಪಣಿ ಇವಿಷ್ಟೂ ಇರಬೇಕು. ಫಾಂಟುಗಳನ್ನು ಅಡಗಿಸಿಕೊಂಡ ಪಿಡಿಎಫ್ ಪ್ರತಿಯನ್ನು ಸೇರಿಸಬೇಕು. ದೀರ್ಘಕಾಲದ ಸಂರಕ್ಷಣೆಗಾಗಿ 2005ರಲ್ಲಿ ಅಂತರರಾಷ್ಟ್ರೀಯ ಮಾನಕವಾದ ಪಿಡಿಎಫ್-ಎ ಎಂಬ ರೂಪವಿದೆ. ಆದರೆ 8 ಬಿಟ್ಟಿನ ಫಾಂಟಿನಿಂದ ಮಾಡಿದ ಪಿಡಿಎಫ್ ಕಣ್ಣಿಗೆ ಸರಿಯಾಗಿ ಕಂಡರೂ ಅದರಲ್ಲಿ ಕನ್ನಡ ಪದವನ್ನು ಹುಡುಕಲಾಗದು. ಆದ್ದರಿಂದ ಪಠ್ಯದ ಯೂನಿಕೋಡ್ ಪ್ರತಿಯೂ ಜೊತೆಗಿರುವುದು ಅಗತ್ಯ.

ಈ ಕೆಲಸಕ್ಕೆ ಕಾಲಮಿತಿಯೂ ಇದೆ. ಪೇಜ್‌ಮೇಕರ್ 6.0ರಿಂದ 7.0ರವರೆಗಿನ ಕಡತಗಳನ್ನು ಇನ್‌ಡಿಸೈನ್ ಸಿಎಸ್6ರವರೆಗೆ ತೆರೆಯಬಹುದಾಗಿತ್ತು. 2013ರಿಂದ ಬಂದ ಸಿಸಿ ಆವೃತ್ತಿಗಳಲ್ಲಿ ಆ ಸೌಲಭ್ಯವಿಲ್ಲ. ಟೈಪ್ 1 ಎಂಬ ಹಳೆಯ ಬಗೆಯ ಫಾಂಟುಗಳಿಗೆ ಅಡೋಬಿಯ ಬೆಂಬಲವು 2023ರ ಜನವರಿಯಲ್ಲಿ ಕೊನೆಗೊಂಡಿತು. ವಿಂಡೋಸ್ ಎಕ್ಸ್‌ಪಿಯ ಬೆಂಬಲ 2014ರಲ್ಲಿ, ವಿಂಡೋಸ್ 7ರದು 2020ರಲ್ಲಿ, ವಿಂಡೋಸ್ 10ರ ಸಾಮಾನ್ಯ ಬೆಂಬಲ 2025ರ ಅಕ್ಟೋಬರಿನಲ್ಲಿ ಮುಗಿದವು. ಹಳೆಯ ಗಣಕವೊಂದು ಇನ್ನೂ ನಡೆಯುತ್ತಿದ್ದರೆ ಅದನ್ನು ಅಂತರ್ಜಾಲದಿಂದ ಬೇರ್ಪಡಿಸಿ, ಹಳೆಯ ಕಡತಗಳನ್ನು ತೆರೆದು ಪರಿವರ್ತಿಸಲು ಮಾತ್ರ ಬಳಸುವುದು ವಿವೇಕದ ಮಾರ್ಗ.

ಉಪಸಂಹಾರ

ವ್ಯವಸ್ಥಾ ಕಡತದ ಲೋಪವು ಬಹುಮಟ್ಟಿಗೆ ಸಂಬಂಧದ ಲೋಪ. ತಂತ್ರಾಂಶ, ಅದರ ಕಡತಗಳು, ವಿಂಡೋಸಿನ ಆವೃತ್ತಿ, ಫಾಂಟು ಇವು ಒಂದನ್ನೊಂದು ಗುರುತಿಸದೆ ಹೋದಾಗ ದೋಷ ಉಂಟಾಗುತ್ತದೆ. ಒಂಟಿ ಕಡತವನ್ನು ತಂದು ತುರುಕುವುದರಿಂದ ಆ ಸಂಬಂಧ ಕೂಡದು. ಸರಿಯಾದ ಮೂಲದಿಂದ ಪೂರ್ಣ ಕಟ್ಟನ್ನು ಸ್ಥಾಪಿಸುವುದರಿಂದ ಕೂಡುತ್ತದೆ. ಕನ್ನಡದ ಸಂದರ್ಭದಲ್ಲಿ ಲಿಪಿರೂಪಕ ಕಡತ ಮತ್ತು ಫಾಂಟುಗಳನ್ನೂ ವ್ಯವಸ್ಥಾ ಕಡತಗಳೆಂದೇ ಪರಿಗಣಿಸಬೇಕಾಗುತ್ತದೆ. ಅವಿಲ್ಲದೆ ತಂತ್ರಾಂಶ ನಡೆದರೂ ಭಾಷೆ ನಡೆಯದು.

ಜಿಲ್ಲೆಯ ಇತಿಹಾಸವನ್ನು ಮುಂದೆ ಬರೆಯುವವರಿಗೆ ಶಾಸನ, ಕಡತಖಾನೆಗಳಷ್ಟೇ ಸಾಲವು. ಯಾವ ವರ್ಷ ಯಾವ ಊರಿನಲ್ಲಿ ಯಾವ ನಾಟಕ ನಡೆಯಿತು, ಯಾವ ಶಾಲೆಯ ಹಬ್ಬಕ್ಕೆ ಯಾರು ಬಂದಿದ್ದರು, ಗಡಿಯ ಮದುವೆಯೊಂದರ ಕರೆಯೋಲೆಯಲ್ಲಿ ಎರಡು ಭಾಷೆಗಳು ಹೇಗೆ ಸ್ಥಳ ಹಂಚಿಕೊಂಡವು ಎಂಬುದಕ್ಕೆ ಇಂದಿನ ಡಿಟಿಪಿ ಕೇಂದ್ರಗಳ ಡಿಸ್ಕುಗಳೇ ಆಕರ. ತಾಲ್ಲೂಕು ಮಟ್ಟದ ಗ್ರಂಥಾಲಯಗಳೂ ಸಾಹಿತ್ಯ ಸಂಘಟನೆಗಳೂ ಈ ಸಾಮಗ್ರಿಯನ್ನು ಫಾಂಟುಗಳ ಸಮೇತ ಸಂಗ್ರಹಿಸುವ ಕಾರ್ಯವನ್ನು, ಅವುಗಳನ್ನು ತೆರೆಯಬಲ್ಲ ಯಂತ್ರಗಳು ಇನ್ನೂ ನಡೆಯುತ್ತಿರುವಾಗಲೇ, ಕೈಗೆತ್ತಿಕೊಳ್ಳುವುದು ಅವಶ್ಯವಾಗಿದೆ.